‘ತ್ರಾಪಿಜ್ಯ’ ಎಂಬ ಪದ: ಅರ್ಥ, ಬಳಕೆ ಮತ್ತು ಎರಡು ತರಗತಿಗಳ ಅನುಭವ

ಮೂರನೇ ಸೆಮಿಸ್ಟರ್‌ನ ಇಂಟರ್ನ್‌ಶಿಪ್‌ಗೆ ನನಗೆ ಮೊದಲು ದೇವದುರ್ಗದ ಒಂದು ಪ್ರೌಢಶಾಲೆ ಸಿಕ್ಕಿತು, ಆಮೇಲೆ ಮಾನ್ವಿಯ ಒಂದು ಶಾಲೆ. ರಾಯಚೂರಿನಿಂದ ಬೆಳಗಿನ ಬಸ್ಸಿಗೆ ಹೋಗಿ ಸಂಜೆ ಮರಳುತ್ತಿದ್ದೆ. ಎರಡೂ ಕಡೆ ಎಂಟನೇ ತರಗತಿಯ ಚತುರ್ಭುಜಗಳ ಪಾಠ ನನ್ನ ಪಾಲಿಗೆ ಬಂತು. ಎರಡೂ ಕಡೆ ಒಂದೇ ಪದ ನನ್ನನ್ನು ಎಡವಿಸಿತು. ಆ ಪದದ ಬಗ್ಗೆ ನಾನು ಆಮೇಲೆ ಓದಿ ತಿಳಿದದ್ದನ್ನು, ತರಗತಿಯಲ್ಲಿ ಮಾಡಿದ ತಪ್ಪುಗಳ ಸಮೇತ, ಇಲ್ಲಿ ಬರೆಯುತ್ತಿದ್ದೇನೆ.

ದೇವದುರ್ಗದಲ್ಲಿ ಹಿಂದಿನ ದಿನ ತ್ರಾಪಿಜ್ಯದ ಚಿತ್ರ ಬರೆದು, ವ್ಯಾಖ್ಯೆ ಹೇಳಿ, ಇಡೀ ತರಗತಿಯಿಂದ ಎರಡು ಸಲ ಹೇಳಿಸಿದ್ದೆ. ಮರುದಿನ ಪೂರ್ವಜ್ಞಾನ ಪರೀಕ್ಷಿಸಲು ಮೂರನೇ ಬೆಂಚಿನ ಹುಡುಗನನ್ನು ಎಬ್ಬಿಸಿ, ‘ತ್ರಾಪಿಜ್ಯ ಅಂದ್ರ ಏನು?’ ಎಂದು ಕೇಳಿದೆ. ಅವನು ತಡವರಿಸಲಿಲ್ಲ. ‘ವೃತ್ತದ ನಡುವಿನಿಂದ ಅಂಚಿನ ತನಕ ಎಳದ ಗೆರಿ ರೀ ಮೇಡಂ’ ಎಂದ. ತರಗತಿ ಗೊಳ್ಳೆಂದು ನಕ್ಕಿತು. ನಾನೂ ನಕ್ಕೆ. ‘ನಿಂತಿರು, ಬೇರೆಯವರು ಹೇಳೋದು ಕೇಳು’ ಎಂದು ಅವನನ್ನು ನಿಲ್ಲಿಸಿಯೇ ಪಕ್ಕದ ಸಾಲಿನ ಹುಡುಗಿಯನ್ನು ಕೇಳಿದೆ. ಅವಳು ‘ಮೂರು ಬಾಹು ಇರೋದು ರೀ’ ಎಂದಳು. ಆ ದಿನದ ಪಾಠಯೋಜನೆಯ ಕೊನೆಯಲ್ಲಿ ‘ಮಕ್ಕಳಲ್ಲಿ ಅಭ್ಯಾಸದ ಕೊರತೆ’ ಎಂದು ಬರೆದು ಸಹಿ ಮಾಡಿದೆ.

ಆ ಹುಡುಗ ಹೇಳಿದ್ದು ತ್ರಿಜ್ಯದ ವ್ಯಾಖ್ಯೆ. ಒಂದು ಅಕ್ಷರವೂ ತಪ್ಪಿರಲಿಲ್ಲ. ಅದನ್ನು ಕಲಿತು, ನೆನಪಿಟ್ಟುಕೊಂಡು, ಕೇಳಿದ ಕೂಡಲೇ ಹೇಳಿದ್ದ. ನನ್ನ ಬಾಯಿಂದ ಬಂದ ಪದ ಅವನ ಕಿವಿಗೆ ತ್ರಿಜ್ಯದಂತೆ ಕೇಳಿಸಿತ್ತು, ಅಷ್ಟೆ. ಹುಡುಗಿಯದೂ ಹಾಗೆಯೇ: ‘ತ್ರಿ’ ಎಂದರೆ ಮೂರು ಎಂದು ತ್ರಿಭುಜದ ಪಾಠದಲ್ಲಿ ನಾವೇ ಹೇಳಿಕೊಟ್ಟಿದ್ದೇವೆ. ಇಬ್ಬರೂ ಗೊತ್ತಿದ್ದ ಪದಗಳ ಸಹಾಯದಿಂದ ಗೊತ್ತಿಲ್ಲದ ಪದವನ್ನು ಬಿಡಿಸಲು ನೋಡಿದ್ದರು. ಭಾಷೆ ಕಲಿಯುವವರೆಲ್ಲ ಮಾಡುವುದು ಅದನ್ನೇ. ಮುಂದಿನ ದಿನಗಳಲ್ಲಿ ಆ ಹುಡುಗ ನನ್ನ ತರಗತಿಯಲ್ಲಿ ಒಮ್ಮೆಯೂ ಕೈ ಎತ್ತಲಿಲ್ಲ.

ಹಾಗಾದರೆ ಈ ಪದ ಎಲ್ಲಿಂದ ಬಂತು? ತ್ರಿಜ್ಯವನ್ನೇ ಮೊದಲು ನೋಡೋಣ. ಜ್ಯಾ ಎಂದರೆ ಬಿಲ್ಲಿನ ಹೆದೆ. ವೃತ್ತದ ಒಂದು ತುಂಡು ಬಿಲ್ಲಿನಂತೆ ಕಾಣುತ್ತದೆ, ಅದರ ಎರಡು ತುದಿ ಸೇರಿಸುವ ಗೆರೆ ಹೆದೆಯಂತೆ. ಅದಕ್ಕೇ ಇಂದಿಗೂ ನಮ್ಮ ಪುಸ್ತಕದಲ್ಲಿ ಆ ಗೆರೆ ಜ್ಯಾ. ಹಳೆಯ ಜ್ಯೋತಿಷ ಗಣಿತದಲ್ಲಿ ಕೋನವನ್ನು ರಾಶಿಗಳಲ್ಲಿ ಅಳೆಯುತ್ತಿದ್ದರು. ಒಂದು ರಾಶಿಗೆ 30 ಡಿಗ್ರಿ. ಮೂರು ರಾಶಿಯ ಜ್ಯಾ, ಅಂದರೆ 90 ಡಿಗ್ರಿಯ ಜ್ಯಾ, ವೃತ್ತದ ಅರ್ಧ ವ್ಯಾಸಕ್ಕೆ ಸಮ. ಅದು ತ್ರಿಜ್ಯಾ. ಆ ಪದದ ‘ತ್ರಿ’ಗೂ ‘ಜ್ಯಾ’ಗೂ ಅರ್ಥವಿದೆ.

ತ್ರಾಪಿಜ್ಯದಲ್ಲಿ ಆ ಎರಡೂ ಇಲ್ಲ. ಅದು ಇಂಗ್ಲಿಷಿನ ಟ್ರೆಪೀಜಿಯಂ ಎಂಬ ಪದದ ಸದ್ದನ್ನು ಸಂಸ್ಕೃತದ ವೇಷದಲ್ಲಿ ಕೂರಿಸಿದ ರೂಪ. ಬಸ್ಸು, ಬೆಂಚು, ಪೆನ್ಸಿಲ್ ಕೂಡ ಹೊರಗಿನಿಂದ ಬಂದವೇ. ಆದರೆ ಅವು ಹೊರಗಿನವು ಎಂದು ಮಗುವಿಗೆ ಗೊತ್ತಿರುತ್ತದೆ, ಹಾಗಾಗಿ ಅವುಗಳೊಳಗೆ ಅರ್ಥ ಹುಡುಕಲು ಹೋಗುವುದಿಲ್ಲ. ತ್ರಾಪಿಜ್ಯ ನೋಡಲು ತ್ರಿಭುಜ, ತ್ರಿಜ್ಯಗಳ ತಮ್ಮನಂತಿದೆ. ಮಗು ಅದರ ಬಾಗಿಲು ತಟ್ಟುತ್ತದೆ, ಒಳಗೆ ಯಾರೂ ಇಲ್ಲ.

ಮೂಲ ಪದದ ಚರಿತ್ರೆಯೂ ಗೊಂದಲದ್ದೇ. ಗ್ರೀಕ್ ಭಾಷೆಯಲ್ಲಿ ತ್ರಾಪೆಜಾ ಎಂದರೆ ಮೇಜು. ನಾಲ್ಕು ಕಾಲಿನದು ಎಂಬ ಅರ್ಥದ ಪದ. ಯೂಕ್ಲಿಡ್ ತನ್ನ ಗ್ರಂಥದ ಆರಂಭದಲ್ಲೇ ವರ್ಗ, ಆಯತ, ವಜ್ರಾಕೃತಿ, ಸಮಾಂತರ ಚತುರ್ಭುಜಗಳನ್ನು ಹೇಳಿ, ಉಳಿದ ಎಲ್ಲ ಚತುರ್ಭುಜಗಳನ್ನೂ ಒಟ್ಟಾಗಿ ಟ್ರೆಪೀಜಿಯಂ ಎಂದು ಕರೆದ. ಕ್ರಿ.ಶ. 5ನೇ ಶತಮಾನದ ಪ್ರೋಕ್ಲಸ್ ತನ್ನ ವ್ಯಾಖ್ಯಾನದಲ್ಲಿ ಅದನ್ನು ಎರಡಾಗಿ ಒಡೆದ: ಎರಡು ಬಾಹು ಸಮಾಂತರವಾಗಿದ್ದರೆ ಟ್ರೆಪೀಜಿಯಂ, ಯಾವುದೂ ಸಮಾಂತರವಲ್ಲದಿದ್ದರೆ ಟ್ರೆಪೆಜಾಯ್ಡ್. ಮುಂದೆ 1795ರಲ್ಲಿ ಲಂಡನ್ನಿನಲ್ಲಿ ಬಂದ ಚಾರ್ಲ್ಸ್ ಹಟ್ಟನ್ನನ ಗಣಿತ ನಿಘಂಟಿನಲ್ಲಿ ಈ ಎರಡು ಹೆಸರು ಅದಲುಬದಲಾದವು. ಇಂಗ್ಲೆಂಡಿನವರು ಮುಂದಿನ ಶತಮಾನದಲ್ಲಿ ಹಳೆಯ ಕ್ರಮಕ್ಕೆ ಮರಳಿದರು, ಅಮೆರಿಕದವರು ಮರಳಲಿಲ್ಲ. ನಾವು ಇಂಗ್ಲೆಂಡಿನ ದಾರಿ ಹಿಡಿದವರು. ಪಾಠ ತಯಾರಿಗೆ ಯೂಟ್ಯೂಬ್ ನೋಡುವ ಪ್ರಶಿಕ್ಷಣಾರ್ಥಿಗಳು ಇದನ್ನು ನೆನಪಿಡಬೇಕು: ಅಮೆರಿಕದ ವಿಡಿಯೊದಲ್ಲಿ ಟ್ರೆಪೆಜಾಯ್ಡ್ ಎಂದರೆ ನಮ್ಮ ತ್ರಾಪಿಜ್ಯ, ಅವರ ಟ್ರೆಪೀಜಿಯಂಗೆ ಸಮಾಂತರ ಬಾಹುಗಳೇ ಇಲ್ಲ. ನನ್ನ ಸಹಪಾಠಿಯೊಬ್ಬರು ಇದರಿಂದ ಒಂದು ಇಡೀ ಸಂಜೆ ಕಳೆದುಕೊಂಡರು.

ನಮ್ಮವರು ಈ ಆಕೃತಿಗೆ ಏನೆನ್ನುತ್ತಿದ್ದರು ಎಂದು ಹುಡುಕಿದಾಗ ನನಗೆ ಸಿಕ್ಕ ಮೊದಲ ಉತ್ತರ ನಮ್ಮ ಸೀಮೆಯದೇ. ಕಲಬುರಗಿ ಜಿಲ್ಲೆಯ ಸೇಡಂ ತಾಲ್ಲೂಕಿನ ಮಳಖೇಡ ರಾಷ್ಟ್ರಕೂಟರ ರಾಜಧಾನಿಯಾಗಿತ್ತು. ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಸುಮಾರು 850ರಲ್ಲಿ, ಮಹಾವೀರಾಚಾರ್ಯ ‘ಗಣಿತಸಾರಸಂಗ್ರಹ’ ಬರೆದ. ಸಂಸ್ಕೃತದ ಆ ಗ್ರಂಥವನ್ನು ರಂಗಾಚಾರ್ಯರು ಇಂಗ್ಲಿಷಿಗೆ ಅನುವಾದಿಸಿದರು, ಅದು 1912ರಲ್ಲಿ ಮದರಾಸಿನಲ್ಲಿ ಪ್ರಕಟವಾಯಿತು. ಪ್ರೊ. ಪದ್ಮಾವತಮ್ಮ ಅವರ ಕನ್ನಡ ಅನುವಾದ 2000ರಲ್ಲಿ ಹೊಂಬುಜದಿಂದ ಬಂತು. ಅದರ ಕ್ಷೇತ್ರಗಣಿತದಲ್ಲಿ ಚತುರ್ಭುಜದ ಮೇಲಿನ ಬಾಹು ‘ಮುಖ’, ಕೆಳಗಿನದು ‘ಭೂಮಿ’, ಪಕ್ಕದವು ‘ಭುಜ’. ಎರಡು ಭುಜ ಸಮವಾಗಿದ್ದರೆ ದ್ವಿಸಮ, ಮೂರು ಬಾಹು ಸಮವಾಗಿದ್ದರೆ ತ್ರಿಸಮ, ಯಾವುದೂ ಸಮವಲ್ಲದಿದ್ದರೆ ವಿಷಮ ಚತುರಶ್ರ. ನಮ್ಮ ಪುಸ್ತಕದ ಸಮದ್ವಿಬಾಹು ತ್ರಾಪಿಜ್ಯ ಅವನ ದ್ವಿಸಮ.

ಮಹಾವೀರನಲ್ಲಿ ನನಗೆ ತುಂಬಾ ಇಷ್ಟವಾದ ಸೂತ್ರ ಇನ್ನೊಂದು. ಜವೆ ಕಾಳು, ಮದ್ದಳೆ, ಪಣವ ಎಂಬ ನಡು ಸಣ್ಣಗಿನ ವಾದ್ಯ, ಇಂದ್ರನ ವಜ್ರಾಯುಧ: ಇವುಗಳ ಆಕಾರದ ಕ್ಷೇತ್ರಫಲಕ್ಕೆ ತುದಿಯ ಅಗಲ ಮತ್ತು ನಡುವಿನ ಅಗಲ ಕೂಡಿಸಿ ಅರ್ಧ ಮಾಡಿ ಉದ್ದದಿಂದ ಗುಣಿಸು ಎನ್ನುತ್ತಾನೆ. ಮದ್ದಳೆಯನ್ನು ನಡುವಿಗೆ ಕತ್ತರಿಸಿದ ಚಿತ್ರ ಬರೆದು ನೋಡಿ. ಎರಡು ತ್ರಾಪಿಜ್ಯಗಳು ಅಗಲದ ಬಾಹು ಅಂಟಿಸಿಕೊಂಡು ನಿಂತಿವೆ. ಬುಡಬುಡಿಕೆಯಲ್ಲಿ ಅದೇ ಎರಡು ತ್ರಾಪಿಜ್ಯಗಳು ಸಣ್ಣ ಬಾಹು ಅಂಟಿಸಿಕೊಂಡಿವೆ. ಪ್ರತಿಯೊಂದರ ಎತ್ತರ ಉದ್ದದ ಅರ್ಧ. ಎರಡನ್ನೂ ಕೂಡಿಸಿದರೆ ಮಹಾವೀರನ ಸೂತ್ರವೇ ಬರುತ್ತದೆ. (ನಮ್ಮ ಪುಸ್ತಕದ ವಜ್ರಾಕೃತಿ ಹರಳಿನದು, ಅವನ ವಜ್ರ ಆಯುಧದ್ದು. ಎರಡನ್ನೂ ಒಂದೇ ಎಂದು ಮಕ್ಕಳಿಗೆ ಹೇಳಬಾರದು.)

ಹೆಸರಿನ ಪ್ರಶ್ನೆಗೆ ನೇರ ಉತ್ತರ ಭಾಸ್ಕರಾಚಾರ್ಯನ ‘ಲೀಲಾವತಿ’ಯಲ್ಲಿದೆ. 1150ರ ಆ ಗ್ರಂಥದಲ್ಲಿ ಈ ಆಕೃತಿ ಸಮಾನ ಲಂಬಗಳುಳ್ಳ ಚತುರ್ಭುಜ. ಮುಖದ ಎರಡು ತುದಿಗಳಿಂದ ಭೂಮಿಗೆ ಎರಡು ಲಂಬ ಇಳಿಬಿಟ್ಟರೆ ಎರಡೂ ಸಮ. ಗೌಂಡಿ ದಾರಕ್ಕೆ ಗುಂಡು ಕಟ್ಟಿ ಎರಡು ಕಡೆ ಇಳಿಬಿಟ್ಟು ನೋಡುವುದು ಇದನ್ನೇ: ಎರಡು ದಾರದ ಉದ್ದ ಒಂದೇ ಆದರೆ ಮೇಲಿನ ಗೆರೆ ಕೆಳಗಿನ ಗೆರೆಗೆ ಸಮಾಂತರ. ಹಿಂದಿ, ಮರಾಠಿ ಪುಸ್ತಕಗಳಲ್ಲಿ ಇಂದಿಗೂ ಸಮಲಂಬ ಎಂಬ ಹೆಸರೇ ಇದೆ, ತೆಲುಗಿನಲ್ಲಿ ಸಮಲಂಬ ಚತುರ್ಭುಜಂ. ಕನ್ನಡದಲ್ಲಿ ಗಣಿತ ಬರೆದವರಲ್ಲಿ ಮೊದಲಿಗನೆನ್ನುವ ರಾಜಾದಿತ್ಯನೂ 12ನೇ ಶತಮಾನದವನೇ. ಅವನ ಒಂದು ಗ್ರಂಥದ ಹೆಸರು ‘ಕ್ಷೇತ್ರಗಣಿತ’, ಇನ್ನೊಂದರ ಹೆಸರು ‘ಲೀಲಾವತಿ’. ನಮಗೆ ಪದಗಳ ಬಡತನವೇನೂ ಇರಲಿಲ್ಲ.

ಸಮಲಂಬ ಎಂಬ ಹೆಸರಿಗೆ ಇನ್ನೊಂದು ಗುಣವಿದೆ, ಅದು ನನಗೆ ತಿಳಿದದ್ದು ಘಟಕ ಪರೀಕ್ಷೆಯ ಉತ್ತರ ಪತ್ರಿಕೆ ನೋಡುವಾಗ. ದೇವದುರ್ಗದಲ್ಲಿ ನಾನು ಕೊಟ್ಟ ಲೆಕ್ಕ: ಸಮಾಂತರ ಬಾಹುಗಳು 10 ಸೆಂ.ಮೀ. ಮತ್ತು 20 ಸೆಂ.ಮೀ., ಓರೆ ಬಾಹುಗಳು ತಲಾ 13 ಸೆಂ.ಮೀ., ವಿಸ್ತೀರ್ಣ ಎಷ್ಟು? ಅರ್ಧಕ್ಕಿಂತ ಹೆಚ್ಚು ಮಕ್ಕಳು ಸಮಾಂತರ ಬಾಹುಗಳ ಮೊತ್ತದ ಅರ್ಧ 15 ಎಂದು ಸರಿಯಾಗಿ ತೆಗೆದು, ಅದನ್ನು 13ರಿಂದ ಗುಣಿಸಿ 195 ಎಂದು ಬರೆದಿದ್ದರು. ಓರೆ ಬಾಹುವನ್ನೇ ಎತ್ತರವೆಂದುಕೊಂಡಿದ್ದರು. ನಿಜವಾದ ಎತ್ತರ 12, ವಿಸ್ತೀರ್ಣ 180 ಚದರ ಸೆಂ.ಮೀ. ಹೊಲ ಅಳೆಯುವಾಗಲೂ ಎದುರುಬದುರು ಬದಿಗಳ ಸರಾಸರಿ ತೆಗೆದು ಗುಣಿಸುವ ರೂಢಿ ಹಳ್ಳಿಗಳಲ್ಲಿದೆ. ಮಹಾವೀರ ಇಂಥ ಲೆಕ್ಕವನ್ನು ‘ವ್ಯಾವಹಾರಿಕ’ ಎಂದು ಬೇರೆ ಇಟ್ಟು, ‘ಸೂಕ್ಷ್ಮ’ ಲೆಕ್ಕವನ್ನು ಬೇರೆ ಹೇಳಿದ್ದಾನೆ. ಬದಿಗಳು ಹೆಚ್ಚು ಓರೆಯಾದಷ್ಟೂ ವ್ಯಾವಹಾರಿಕ ಲೆಕ್ಕ ಇಲ್ಲದ ನೆಲವನ್ನು ಹುಟ್ಟಿಸುತ್ತದೆ. ಹೆಸರಿನಲ್ಲೇ ಲಂಬ ಇದ್ದರೆ ಮಗುವಿನ ಕಣ್ಣು ಮೊದಲು ಲಂಬವನ್ನು ಹುಡುಕುತ್ತದೆ. ತ್ರಾಪಿಜ್ಯ ಎಂಬ ಹೆಸರು ಎಲ್ಲಿ ನೋಡಬೇಕೆಂದು ಹೇಳುವುದಿಲ್ಲ.

ಭಾಸ್ಕರ ಆ 12ನ್ನು ಕಂಡುಹಿಡಿಯಲು ಹೇಳಿಕೊಡುವ ಉಪಾಯ ಕಾಗದ, ಕತ್ತರಿಯಿಂದ ಐದು ನಿಮಿಷದಲ್ಲಿ ಆಗುತ್ತದೆ. ಭೂಮಿಯಿಂದ ಮುಖವನ್ನು ಕಳೆ: 20ರಲ್ಲಿ 10 ಹೋದರೆ 10. ಅಂದರೆ ನಡುವಿನ ಆಯತವನ್ನು ಕತ್ತರಿಸಿ ತೆಗೆದು, ಉಳಿದ ಎರಡು ತ್ರಿಭುಜಗಳನ್ನು ಜೋಡಿಸು. 13, 13, 10 ಬಾಹುಗಳ ಒಂದೇ ತ್ರಿಭುಜ ಸಿಕ್ಕಿತು. ಅದರ ಅರ್ಧ ಪಾದ 5, ಕರ್ಣ 13. ಪೈಥಾಗೊರಸ್ ಪ್ರಮೇಯದಿಂದ ಲಂಬ 12. ಎರಡು ಓರೆ ಬಾಹು ಬೇರೆ ಬೇರೆ ಅಳತೆಯವಾದರೂ ಈ ಉಪಾಯ ನಡೆಯುತ್ತದೆ, ಸಿಗುವ ತ್ರಿಭುಜ ವಿಷಮಬಾಹು ಆಗುತ್ತದೆ ಅಷ್ಟೆ. ಇದನ್ನು ನಾನು ದೇವದುರ್ಗದಲ್ಲಿ ಮಾಡಿಸಲಿಲ್ಲ, ಆಗ ನನಗೆ ಗೊತ್ತಿರಲಿಲ್ಲ.

ದೇವದುರ್ಗದ ಕೊನೆಯ ವಾರ ಪಾಠ ವೀಕ್ಷಣೆಗೆ ಬಂದಿದ್ದ ನಮ್ಮ ಗಣಿತ ಬೋಧನಾಶಾಸ್ತ್ರದ ಉಪನ್ಯಾಸಕರು ನನ್ನ ಕಪ್ಪುಹಲಗೆ ನೋಡಿ ಒಂದೇ ಮಾತು ಬರೆದಿದ್ದರು: ‘ನಿಮ್ಮ ತ್ರಾಪಿಜ್ಯಗಳೆಲ್ಲ ಒಂದೇ ಭಂಗಿಯಲ್ಲಿ ಕೂತಿವೆ.’ ಹೌದು, ಎಲ್ಲದರಲ್ಲೂ ಸಣ್ಣ ಬಾಹು ಮೇಲೆ, ದೊಡ್ಡದು ಕೆಳಗೆ, ಎರಡು ಓರೆಗಳೂ ಸಮ. ಪುಸ್ತಕದ ಚಿತ್ರವನ್ನು ಹಾಗೇ ಇಳಿಸುತ್ತಿದ್ದೆ. ಅದಕ್ಕೇ ಮಾನ್ವಿಯ ಮೊದಲ ಪಾಠದಲ್ಲಿ, ಯಾವ ಹೆಸರೂ ಹೇಳದೆ, ದೊಡ್ಡ ಬಾಹು ಮೇಲೆ ಬರುವಂತೆ ಒಂದು ಚಿತ್ರ ಬರೆದು ‘ಇಂಥದ್ದು ಎಲ್ಲೆರ ನೋಡೀರೇನು?’ ಎಂದು ಕೇಳಿದೆ. ಕಿಟಕಿ ಪಕ್ಕದ ಹುಡುಗ ಕೂತಲ್ಲಿಂದಲೇ, ‘ಅದು ಕೆನಾಲ್ ಅಲ್ಲೇನ್ರೀ ಮೇಡಂ?’ ಎಂದ.

ಅವನು ಹೇಳುವ ತನಕ ನನಗೆ ಹೊಳೆದಿರಲಿಲ್ಲ. ತುಂಗಭದ್ರಾ ಎಡದಂಡೆ ಕಾಲುವೆಯ ನೀರು ಸಿಂಧನೂರು, ಮಾನ್ವಿ ಕಡೆಯ ಗದ್ದೆಗಳಿಗೆ ಬರುತ್ತದೆ. ದೇವದುರ್ಗಕ್ಕೆ ಕೃಷ್ಣೆಯ ನಾರಾಯಣಪುರ ಬಲದಂಡೆ ಕಾಲುವೆ. ಬಸ್ಸಿನಲ್ಲಿ ಕೂತು ಪಾಠಯೋಜನೆ ಬರೆಯುತ್ತ ದಿನಾ ಕಾಲುವೆ ದಾಟಿದ್ದೇನೆ. ಅಡ್ಡಲಾಗಿ ಕತ್ತರಿಸಿದರೆ ಮಣ್ಣಿನ ಕಾಲುವೆಯ ಆಕಾರ ಇದೇ: ತಳ ಕಿರಿದು, ಬಾಯಿ ಅಗಲ, ಎರಡು ಕಡೆ ಇಳಿಜಾರು. ಗೋಡೆಯಂತೆ ನೆಟ್ಟಗೆ ಅಗೆದರೆ ಮಣ್ಣು ಕುಸಿಯುತ್ತದೆ, ಎರೆ ಭೂಮಿಯಲ್ಲಂತೂ ಬೇಗ. ಅಗೆದ ಮಣ್ಣನ್ನು ಪಕ್ಕಕ್ಕೆ ಹಾಕಿ ಕಟ್ಟಿದ ಒಡ್ಡೂ ತ್ರಾಪಿಜ್ಯವೇ, ತಲೆಕೆಳಗು. ಒಂದಕ್ಕೆ ಭೂಮಿ ದೊಡ್ಡದು, ಇನ್ನೊಂದಕ್ಕೆ ಮುಖ ದೊಡ್ಡದು. ನನ್ನ ಹಲಗೆಯ ಚಿತ್ರಗಳಿಗೆ ಬೇಕಿದ್ದ ಎರಡು ಭಂಗಿಗಳೂ ಅಕ್ಕಪಕ್ಕದಲ್ಲೇ ಇದ್ದವು.

ಆ ಪಾಠ ನಾನು ಯೋಜಿಸಿದಂತೆ ನಡೆಯಲಿಲ್ಲ, ಅದಕ್ಕಿಂತ ಚೆನ್ನಾಗಿ ನಡೆಯಿತು. ಕಾಲುವೆ ಎಂದ ಕೂಡಲೇ ಮಕ್ಕಳು ಗೇಜಿನ ಮಾತು ತೆಗೆದರು. ಕಾಲುವೆಯಲ್ಲಿ ನೀರು ಎಷ್ಟು ಅಡಿ ಇದೆ ಎಂಬುದನ್ನು ಇಲ್ಲಿ ಗೇಜ್ ಎನ್ನುತ್ತಾರೆ. ಕೊನೆಭಾಗದ ರೈತರ ಮನೆಯಲ್ಲಿ ಅದು ದಿನನಿತ್ಯದ ಪದ. ನಾನು ಲೆಕ್ಕಕ್ಕೆಂದು ಒಂದು ಉಪಕಾಲುವೆ ಕಲ್ಪಿಸಿದೆ. ತಳದ ಅಗಲ 8 ಅಡಿ. ನೀರು ಒಂದು ಅಡಿ ಏರಿದರೆ ಪ್ರತಿ ಪಕ್ಕಕ್ಕೆ ಒಂದೂವರೆ ಅಡಿ ಅಗಲವಾಗುವ ಇಳಿಜಾರು. ನೀರು 4 ಅಡಿ ಇದ್ದಾಗ ಮೇಲಿನ ಅಗಲ 20 ಅಡಿ. 8 ಮತ್ತು 20ರ ಮೊತ್ತದ ಅರ್ಧ 14, ಆಳ 4ರಿಂದ ಗುಣಿಸಿದರೆ 56 ಚದರ ಅಡಿ. ‘ಈಗ ಗೇಜ್ 2 ಅಡಿಗೆ ಇಳೀತು ಅಂದ್ರ ಎಷ್ಟು ನೀರು?’ ಎಂದೆ. ‘ಅರ್ಧ ರೀ’ ಎಂದು ಇಡೀ ತರಗತಿ ಕೂಗಿತು. ಲೆಕ್ಕ ಮಾಡಿ ಎಂದೆ. 2 ಅಡಿಯಲ್ಲಿ ಮೇಲಿನ ಅಗಲ 14; 8 ಮತ್ತು 14ರ ಮೊತ್ತದ ಅರ್ಧ 11, ಎರಡರಿಂದ ಗುಣಿಸಿದರೆ 22. ಅರ್ಧವಾಗಿದ್ದರೆ 28 ಇರಬೇಕಿತ್ತು.

ಆರು ಚದರ ಅಡಿ ಎಲ್ಲಿ ಹೋಯಿತು ಎಂದು ಮಕ್ಕಳು ತಲೆ ಕೆಡಿಸಿಕೊಂಡರು. ಒಂದೊಂದು ಅಡಿಯ ಪದರ ಬೇರೆ ಬೇರೆ ಲೆಕ್ಕ ಹಾಕಿಸಿದೆ. ತಳದ ಒಂದು ಅಡಿಯಲ್ಲಿ 9.5 ಚದರ ಅಡಿ, ಮೇಲಿನ ಒಂದು ಅಡಿಯಲ್ಲಿ 18.5. ಹೆಚ್ಚುಕಡಿಮೆ ಎರಡರಷ್ಟು. ಮೇಲಿನ ಒಂದು ಅಡಿ ಗೇಜ್ ಇಳಿಯುವುದೂ ತಳದ ಒಂದು ಅಡಿ ಇಳಿಯುವುದೂ ಒಂದೇ ಅಲ್ಲ. ನೀರು ಕಡಿಮೆಯಾದಾಗ ಹರಿಯುವ ವೇಗವೂ ಕುಗ್ಗುತ್ತದೆ, ಹಾಗಾಗಿ ಹೊಲ ಮುಟ್ಟುವ ನೀರು ಈ ಲೆಕ್ಕಕ್ಕಿಂತ ಇನ್ನೂ ಕಡಿಮೆ ಎಂದೂ ಹೇಳಿದೆ. ಒಬ್ಬ ಹುಡುಗಿ, ‘ಅದಕ್ಕ ನಮ್ಮಪ್ಪ ಗೇಜ್ ಒಂದಡಿ ಇಳದ್ರೂ ಜಗಳ ತೆಗೀತಾನ ರೀ’ ಎಂದಳು. ಆ ನಗುವಿನ ನಡುವೆಯೇ ಆಕೃತಿಗೆ ಹೆಸರು ಬರೆದೆ: ಮೊದಲು ಸಮಲಂಬ, ಅದರ ಅರ್ಥ; ಆಮೇಲೆ, ಪರೀಕ್ಷೆಯಲ್ಲಿ ಇದನ್ನೇ ಕೇಳುತ್ತಾರೆ ಎಂದು ತ್ರಾಪಿಜ್ಯ. ಪಕ್ಕದಲ್ಲೇ ಬೇರೆ ಬಣ್ಣದ ಸೀಮೆಸುಣ್ಣದಲ್ಲಿ ವೃತ್ತ ಬರೆದು ತ್ರಿಜ್ಯ ಎಂದು ಬರೆದೆ. ಎರಡೂ ಪದಗಳನ್ನು ಜೋರಾಗಿ ಹೇಳಿಸಿ, ಒಂದಕ್ಕೊಂದು ಸಂಬಂಧವಿಲ್ಲ ಎಂದು ಮೊದಲೇ ಹೇಳಿಬಿಟ್ಟೆ.

ಇದನ್ನು ಓದಿ ಯಾರಾದರೂ ಮಕ್ಕಳನ್ನು ಕಾಲುವೆಗೇ ಕರೆದೊಯ್ಯಬಹುದು ಎಂಬ ಭಯಕ್ಕೆ ಹೇಳುತ್ತೇನೆ: ನೀರಿದ್ದಾಗ ಬೇಡ. ಮಣ್ಣು ಕುಸಿಯದಂತೆ ಇಟ್ಟ ಅದೇ ಇಳಿಜಾರು ಹಾವಸೆ ಹಿಡಿದು ಜಾರುತ್ತದೆ, ಬಿದ್ದವರಿಗೆ ಹತ್ತಿ ಬರಲಾಗುವುದಿಲ್ಲ. ಒಣಗಿದ ಹೊಲಗಾಲುವೆ, ಬದು, ಎರಡು ಕೋಲು ಮತ್ತು ಒಂದು ಟೇಪು ಸಾಕು.

ಇಷ್ಟಾದ ಮೇಲೆ ಈ ಪದ ನನಗೆ ವಶವಾಯಿತೆಂದುಕೊಂಡಿದ್ದೆ. ಅದೇ ಶಾಲೆಯ ಒಂಬತ್ತನೇ ತರಗತಿಗೆ ಕಿರು ಪರೀಕ್ಷೆ ಕೊಟ್ಟೆ. ಸರಿಯೋ ತಪ್ಪೋ ಬರೆದು ಕಾರಣ ಕೊಡಿ: ‘ಸಮಾಂತರ ಚತುರ್ಭುಜವು ಒಂದು ತ್ರಾಪಿಜ್ಯ.’ ಉತ್ತರ ತಪ್ಪು ಎಂದು ನನ್ನ ಅಂಕಪಟ್ಟಿಯಲ್ಲಿತ್ತು. ಒಬ್ಬ ಹುಡುಗಿ ಮಾತ್ರ ಸರಿ ಎಂದು ಬರೆದಿದ್ದಳು, ನಾನು ಎರಡು ಅಂಕ ಕಳೆದೆ. ಮಧ್ಯಾಹ್ನ ಬಿಸಿಯೂಟದ ನಂತರ ಅವಳು ಎಂಟನೇ ತರಗತಿಯ ಪುಸ್ತಕ ಹಿಡಿದು ಸ್ಟಾಫ್ ರೂಮಿಗೆ ಬಂದಳು. ವ್ಯಾಖ್ಯೆಯ ಕೆಳಗೆ ಬೆರಳಿಟ್ಟು, ‘ಇಲ್ಲಿ ಒಂದು ಜೊತೆ ಸಮಾಂತರ ಬಾಹು ಅಂತ ಅದ ರೀ ಮೇಡಂ. ಒಂದೇ ಜೊತೆ ಅಂತ ಇಲ್ಲ. ಎರಡು ಜೊತೆ ಇದ್ದದ್ದರಾಗ ಒಂದು ಜೊತೆ ಇರೂದಿಲ್ಲೇನ್ರೀ?’ ಎಂದಳು.

ನನ್ನ ಬಳಿ ಉತ್ತರವಿರಲಿಲ್ಲ. ನಾಳೆ ಹೇಳ್ತೀನಿ ಎಂದೆ.

ಇದು ಅವಳೊಬ್ಬಳ ಪ್ರಶ್ನೆಯಲ್ಲ, ಜಗತ್ತಿನಾದ್ಯಂತ ಗಣಿತ ಕಲಿಸುವವರು ಇದರ ಮೇಲೆ ಎರಡು ಪಕ್ಷವಾಗಿದ್ದಾರೆ. ಒಂದು ಪಕ್ಷದವರಿಗೆ ತ್ರಾಪಿಜ್ಯದಲ್ಲಿ ಕನಿಷ್ಠ ಒಂದು ಜೊತೆ ಸಮಾಂತರ ಬಾಹು ಇರಬೇಕು. ಆಗ ಸಮಾಂತರ ಚತುರ್ಭುಜ, ಆಯತ, ವರ್ಗ ಎಲ್ಲವೂ ತ್ರಾಪಿಜ್ಯಗಳೇ. ಇನ್ನೊಂದು ಪಕ್ಷದವರಿಗೆ ಒಂದೇ ಜೊತೆ ಇರಬೇಕು, ಎರಡನೆಯದು ಇದ್ದರೆ ಅದು ತ್ರಾಪಿಜ್ಯವಲ್ಲ. ಇಂಗ್ಲಿಷಿನಲ್ಲಿ ಇದನ್ನು ಬಿಡಿಸಿ ಹೇಳಲು ಎರಡು ಮೂರು ಪದ ಬೇಕು. ಕನ್ನಡದಲ್ಲಿ ಒಂದು ಏಕಾರ ಸಾಕು. ಒಂದು, ಒಂದೇ. ಅಷ್ಟು ಸಣ್ಣದಾದ್ದರಿಂದಲೇ ನಾವು ಬಾಯಲ್ಲಿ ಹೇಳುವಾಗ ಅದನ್ನು ಸೇರಿಸಿಬಿಡುತ್ತೇವೆ. ನನ್ನ ನೋಟ್ಸ್ ತೆಗೆದು ನೋಡಿದೆ: ಪುಸ್ತಕದಿಂದ ಇಳಿಸಿದ ವ್ಯಾಖ್ಯೆಯಲ್ಲಿ ‘ಒಂದು’, ಅದರ ಕೆಳಗೆ ನಾನೇ ಬರೆದ ವಿವರಣೆಯಲ್ಲಿ ‘ಒಂದೇ’. ಎರಡೂ ನನ್ನ ಕೈಬರಹವೇ.

ಯಾವುದು ಲೇಸು? ನನ್ನ ಅಭಿಪ್ರಾಯ ‘ಒಂದು ಜೊತೆಯಾದರೂ’ ಎಂಬುದರ ಕಡೆಗಿದೆ. ವರ್ಗವೂ ಒಂದು ಆಯತ, ವಜ್ರಾಕೃತಿಯೂ ಒಂದು ಸಮಾಂತರ ಚತುರ್ಭುಜ ಎಂದು ಕಲಿಸುತ್ತ ಬಂದು, ತ್ರಾಪಿಜ್ಯದ ಹತ್ತಿರ ಮಾತ್ರ ಬಾಗಿಲು ಹಾಕುವುದು ಸರಿಯಲ್ಲ. ವಿಸ್ತೀರ್ಣದ ಸೂತ್ರವೂ ಇದಕ್ಕೆ ಸಾಕ್ಷಿ: ಸಮಾಂತರ ಬಾಹುಗಳು ಸಮವಾದರೆ ಮೊತ್ತದ ಅರ್ಧ ಅದೇ ಬಾಹು, ಸೂತ್ರ ತಾನಾಗಿ ಸಮಾಂತರ ಚತುರ್ಭುಜದ ಸೂತ್ರವಾಗುತ್ತದೆ. ಮುಖ ಸೊನ್ನೆಯಾದರೆ ತ್ರಿಭುಜದ ಸೂತ್ರ. ಸಮಲಂಬ ಎಂಬ ಹೆಸರೂ ಇದೇ ಪಕ್ಷದ್ದು. ಸಮಾಂತರ ಚತುರ್ಭುಜದಲ್ಲಿ ಲಂಬಗಳು ಸಮವಲ್ಲ ಎಂದು ಯಾರೂ ಹೇಳಲಾರರು.

ಆದರೆ ಈ ಪಕ್ಷಕ್ಕೂ ಒಂದು ಇಕ್ಕಟ್ಟಿದೆ, ಅದನ್ನು ಮುಚ್ಚಿಡಬಾರದು. ಸಮಾಂತರ ಬಾಹುಗಳನ್ನು ಬಿಟ್ಟು ಉಳಿದೆರಡು ಬಾಹು ಸಮವಾಗಿದ್ದರೆ ಸಮದ್ವಿಬಾಹು ತ್ರಾಪಿಜ್ಯ, ಅದರಲ್ಲಿ ಪಾದದ ಕೋನಗಳು ಸಮ, ಕರ್ಣಗಳು ಸಮ ಎಂದು ಕಲಿಸುತ್ತೇವೆ. ಸಮಾಂತರ ಚತುರ್ಭುಜವನ್ನು ತ್ರಾಪಿಜ್ಯವೆಂದು ಒಪ್ಪಿದರೆ ಅದರ ಉಳಿದೆರಡು ಬಾಹುಗಳೂ ಸಮವೇ. ಹಾಗಿದ್ದರೂ ಸಾಮಾನ್ಯವಾಗಿ ಅದರ ಪಾದದ ಕೋನಗಳು ಸಮವಲ್ಲ, ಕರ್ಣಗಳೂ ಸಮವಲ್ಲ. ಪ್ರಮೇಯ ಸುಳ್ಳಾಯಿತು. ಇದಕ್ಕೆ ದಾರಿಯೆಂದರೆ ಸಮದ್ವಿಬಾಹು ತ್ರಾಪಿಜ್ಯವನ್ನು ಬಾಹುಗಳಿಂದ ವ್ಯಾಖ್ಯಾನಿಸದೆ, ಪಾದದ ಕೋನಗಳು ಸಮವಾಗಿರುವ ತ್ರಾಪಿಜ್ಯ ಎನ್ನುವುದು. ಆಗ ಆಯತ ಒಳಗೆ ಬರುತ್ತದೆ, ಓರೆಯಾದ ಸಮಾಂತರ ಚತುರ್ಭುಜ ಹೊರಗುಳಿಯುತ್ತದೆ. ಎಂಟನೇ ತರಗತಿಗೆ ಇಷ್ಟೆಲ್ಲ ಬೇಡ. ಒಂಬತ್ತನೆಯದಕ್ಕೆ ಬೇಕು ಎಂದು ಆ ಹುಡುಗಿಯನ್ನು ನೋಡಿದ ಮೇಲೆ ನನಗನಿಸಿದೆ. ನಮ್ಮ ಕಾಲೇಜಿನ ಚರ್ಚೆಯಲ್ಲಿ ಇಬ್ಬರು ಉಪನ್ಯಾಸಕರು ‘ಒಂದೇ’ ಪಕ್ಷ ಹಿಡಿದರು. ಸಣ್ಣ ಮಕ್ಕಳಿಗೆ ಆಕೃತಿಗಳನ್ನು ಬೇರೆ ಬೇರೆಯಾಗಿ ಗುರುತಿಸುವುದೇ ಮೊದಲು ಬರಬೇಕು ಎಂಬುದು ಅವರ ವಾದ. ಅದರಲ್ಲೂ ಹುರುಳಿದೆ. ಯಾವ ಪಕ್ಷ ಹಿಡಿದರೂ, ವ್ಯಾಖ್ಯೆಯನ್ನು ಪ್ರಶ್ನೆಯ ಮೇಲೆಯೇ ಬರೆಯದೆ ‘ಸರಿಯೋ ತಪ್ಪೋ’ ಕೇಳಿ ಅಂಕ ಕಳೆಯುವ ಹಕ್ಕು ನಮಗಿಲ್ಲ.

ಮರುದಿನ ಒಂಬತ್ತನೇ ತರಗತಿಯಲ್ಲಿ ಹಲಗೆಯ ಮೇಲೆ ‘ಒಂದು’, ‘ಒಂದೇ’ ಎಂದು ಎರಡೇ ಪದ ಬರೆದು ಪಾಠ ಶುರು ಮಾಡಿದೆ. ಆ ಹುಡುಗಿಯ ಎರಡು ಅಂಕ ವಾಪಸು ಕೊಟ್ಟು, ತಪ್ಪಿದ್ದು ನಾನು ಎಂದು ಎಲ್ಲರೆದುರು ಹೇಳಿದೆ. ‘ತಪ್ಪು’ ಎಂದು ಬರೆದು ಸರಿಯಾದ ಕಾರಣ ಕೊಟ್ಟಿದ್ದವರ ಅಂಕ ಹಾಗೇ ಉಳಿಸಿದೆ. ಮಾರ್ಗದರ್ಶಕ ಶಿಕ್ಷಕಿ ಹಿಂದೆ ಕೂತಿದ್ದರು. ಪಾಠ ಮುಗಿದ ಮೇಲೆ ತಮ್ಮ ಹಳೆಯ ಪ್ರಶ್ನೆಪತ್ರಿಕೆಗಳ ಕಟ್ಟು ತೆಗೆದು, ಈ ಪ್ರಶ್ನೆ ಎಷ್ಟು ವರ್ಷ ಕೇಳಿದ್ದೇನೆ ನೋಡಬೇಕು ಎಂದರು.

ಇಂಟರ್ನ್‌ಶಿಪ್ ಮುಗಿದ ಮೇಲೆ ಪ್ರಮಾಣಪತ್ರಕ್ಕೆ ಮುಖ್ಯ ಶಿಕ್ಷಕರ ಸಹಿ ಬೇಕೆಂದು ಮತ್ತೊಮ್ಮೆ ದೇವದುರ್ಗಕ್ಕೆ ಹೋದೆ. ಸಹಿಯಾಗುವ ತನಕ ಎಂಟನೇ ತರಗತಿಗೆ ಹೋಗಿ, ಮೂರನೇ ಬೆಂಚಿನ ಹುಡುಗನನ್ನು ಹುಡುಕಿದೆ. ಹತ್ತಿ ಬಿಡಿಸುವ ಕಾಲ, ಮನೆಯವರ ಜೊತೆ ಹೊಲಕ್ಕೆ ಹೋಗಿದ್ದಾನೆ, ವಾರವಾಯಿತು ಎಂದರು ಮಕ್ಕಳು. ಒಂದು ಹಾಳೆಯಲ್ಲಿ ವೃತ್ತ ಬರೆದು ತ್ರಿಜ್ಯ ಎಳೆದು, ಕೆಳಗೆ ‘ನೀನು ಅವತ್ತು ಹೇಳಿದ್ದು ಇದು. ಇದಕ್ಕೆ ಅದು ಪೂರ್ತಿ ಸರಿ. ನಾನು ಕೇಳಿದ್ದು ಇದು’ ಎಂದು ಬರೆದು, ಪಕ್ಕದಲ್ಲಿ ಒಂದು ಕಾಲುವೆಯ ಚಿತ್ರ ಬರೆದೆ. ಅವನ ಪಕ್ಕದಲ್ಲಿ ಕೂರುವವನ ಕೈಗೆ ಕೊಟ್ಟು ಬಸ್ ಸ್ಟ್ಯಾಂಡಿಗೆ ಬಂದೆ.